ಮುಯ್ಯಿಗೆ ಬಂದ ಹಸಿರು ಶೀಟು

ನಾನು ಸೂರು ಹೊದಿಸುವವನು. ಏಳನೇ ಕ್ಲಾಸಿನ ಅರ್ಧಕ್ಕೇ ಶಾಲೆ ಬಿಟ್ಟು ಹೊಳಲ್ಕೆರೆಯ ಒಂದು ವೆಲ್ಡಿಂಗ್ ಶಾಪಿಗೆ ಸೇರಿದವನು, ಆಮೇಲೆ ಕೈಕಟ್ಟಿ ಕೂತದ್ದು ನೆನಪಿಲ್ಲ. ಚಿತ್ರದುರ್ಗ, ಹಿರಿಯೂರು, ಹೊಸದುರ್ಗ, ಹೊಳಲ್ಕೆರೆ, ಈ ನಾಲ್ಕು ತಾಲ್ಲೂಕಿನಲ್ಲಿ ಬಸ್ಸಿನ ಕಿಟಕಿ ಪಕ್ಕ ಕೂತು ಎತ್ತ ಹೋದರೂ ನಾನು ಕಲರ್ ಶೀಟು ಹಾಕಿದ ಒಂದು ಮನೆಯಾದರೂ ಕಣ್ಣಿಗೆ ಬೀಳುತ್ತದೆ. ಇದನ್ನು ಜಂಬ ಅನ್ನುವವರು ಅನ್ನಲಿ. ಕಾದ ತಗಡಿನ ಮೇಲೆ ಮಂಡಿಯೂರಿ ಕೂತು ಸಂಪಾದಿಸಿದ ಜಂಬ ಅದು.

ಮನೆ ಕಟ್ಟಿಸುವವರು ಶೀಟಿನ ಬಣ್ಣ ಆರಿಸುವುದನ್ನು ನೋಡಿದರೆ ನನಗೆ ಮೈ ಉರಿಯುತ್ತದೆ. ಅಂಗಡಿಯೊಳಗೆ ಟ್ಯೂಬ್‌ಲೈಟಿನ ಕೆಳಗೆ ನಿಂತು, ಅಂಗೈಯಗಲದ ತುಂಡನ್ನು ಹಿಂದೆ ಮುಂದೆ ತಿರುಗಿಸಿ, “ಇದು ಲಕಲಕ ಅಂತೈತೆ, ಇದೇ ಇರ್ಲಿ” ಅಂದುಬಿಡುತ್ತಾರೆ. ಅಂಗೈಯಗಲದ ಬಣ್ಣವೇ ಬೇರೆ, ಬಯಲಿನಲ್ಲಿ ಮನೆಯಗಲಕ್ಕೆ ಹಾಸಿದ ಬಣ್ಣವೇ ಬೇರೆ. ತುಂಡನ್ನು ಮನೆಗೆ ತಂದು ಗೋಡೆಯ ನೆತ್ತಿಗೆ ಎತ್ತಿ ಹಿಡಿಯಬೇಕು. ರಸ್ತೆಯ ಆಚೆ ಹೋಗಿ ನಿಂತು ನೋಡಬೇಕು. ನಡುಹಗಲಲ್ಲಿ ಒಮ್ಮೆ, ಹೊತ್ತು ಇಳಿದ ಮೇಲೆ ಒಮ್ಮೆ. ಸುತ್ತ ಎಂಥ ಮಣ್ಣಿದೆ, ಎಂಥ ಮರವಿದೆ, ಪಕ್ಕದ ಮನೆಯವನು ಏನು ಹಾಕಿದ್ದಾನೆ, ಅದನ್ನೂ ನೋಡಬೇಕು. ಕೆಂಪು ಮಣ್ಣಿನ ಊರಲ್ಲಿ ಹೆಂಚಿನ ಕೆಂಪು ಹಾಕಿದರೆ ಮನೆ ಆ ನೆಲದಿಂದಲೇ ಎದ್ದಂತೆ ಕಾಣುತ್ತದೆ. ಅದೇ ಕೆಂಪನ್ನು ಹಿರಿಯೂರು ಕಡೆಯ ಎರೆಹೊಲದ ನಡುವೆ ಹಾಕಿದರೆ ಗಾಯದ ಹಾಗೆ ಕಾಣುತ್ತದೆ. ಅಚ್ಚ ನೀಲಿ ಮೊದಲ ವರ್ಷ ಮಿಂಚುತ್ತದೆ. ಆಮೇಲೆ ಒಗೆದೊಗೆದು ಸವೆದ ಚಡ್ಡಿಯ ಬಣ್ಣಕ್ಕೆ ಇಳಿಯುತ್ತದೆ. ಇನ್ನು ಅದಿರು ಲಾರಿ ಓಡಾಡುವ ದಾರಿಯಲ್ಲಿ ಬಿಳಿ ಹಾಕಿಸಿಕೊಂಡವರ ಮನೆಯನ್ನು ಮಳೆ ಬಿದ್ದ ಮಾರನೇ ದಿನ ನೋಡಬೇಕು. ಎಲೆಯಡಿಕೆ ಉಗುಳಿದ ಬಸ್‌ಸ್ಟ್ಯಾಂಡಿನ ಗೋಡೆ.

ಊರಿಗೆಲ್ಲ ಇಷ್ಟು ಹೇಳುವ ನಾನು ನನ್ನದೇ ಮನೆಗೆ ಬಣ್ಣ ಗೊತ್ತುಮಾಡಲಾರದೆ ಬೇಸಿಗೆ ಪೂರ್ತಿ ಒದ್ದಾಡಿದೆ. ಹೊಳಲ್ಕೆರೆಯಿಂದ ಚಿತ್ರದುರ್ಗಕ್ಕೆ ಹೋಗುವ ರಸ್ತೆಯ ಮಗ್ಗುಲಲ್ಲೇ ನಮ್ಮ ಹೊಸ ಮನೆ, ಅದರ ಪಕ್ಕದಲ್ಲೇ ನಾವಿನ್ನೂ ವಾಸವಿದ್ದ ಹಳೆಯದು. ಗೋಡೆ ಎದ್ದಿತ್ತು, ಕೆನೆ ಬಣ್ಣವೂ ಆಗಿತ್ತು, ಸೂರಿಗೆ ಕಬ್ಬಿಣದ ಪೈಪುಗಳ ಚೌಕಟ್ಟು ನಿಂತಿತ್ತು. ಶೀಟು ಮಾತ್ರ ಇಲ್ಲ. ದಾರಿಯಲ್ಲಿ ಹೋಗುವವರು ಬೈಕು ನಿಧಾನ ಮಾಡಿ, “ಇನ್ನೂ ಹಾಕಿಲ್ವೇನ್ರಿ?” ಅನ್ನುವರು. ನಾನು “ನೋಡಾಣ” ಅನ್ನುವೆ. ನನ್ನ ಹೆಂಡತಿಗೆ ಈ ‘ನೋಡಾಣ’ ಕೇಳಿ ಕೇಳಿ ಸಾಕಾಗಿತ್ತು.

“ಮನೆ ತಲೆಗೆ ನೀರು ಹಾಕ್ಕಂಡು ಟವಲ್ ಹುಡುಕ್ತಾ ನಿಂತಂಗೈತೆ. ಮಂದಿ ಮನೆ ಬಣ್ಣ ಒಂದು ಟೀ ಕುಡಿಯೋದ್ರೊಳಗೆ ಹೇಳ್ತೀರಿ, ನಮ್ದಕ್ಕೆ ಏನು ಬಂತ್ರಿ?” ಅಂದಳು.

ಏನು ಬಂತು ಅಂತ ನನಗೆ ಚೆನ್ನಾಗಿಯೇ ಗೊತ್ತಿತ್ತು. ಆ ಸೂರು ನನ್ನ ಬೋರ್ಡು. ದುರ್ಗಕ್ಕೆ ಹೋಗುವ ಪ್ರತಿಯೊಂದು ಬಸ್ಸೂ ಅದರ ಮುಂದೆಯೇ ಹಾಯಬೇಕು. ಅದು ಚೆಂದ ಕಂಡರೆ ಇನ್ನು ನನ್ನ ಬಗ್ಗೆ ಯಾರೂ ಏನೂ ಹೇಳಬೇಕಿಲ್ಲ. ಕೆಟ್ಟರೆ ಹೇಳುವುದಕ್ಕೆ ಎಲ್ಲರಿಗೂ ಬಾಯಿ ಬರುತ್ತದೆ. ಕಡೆಗೆ ಗೃಹಪ್ರವೇಶದ ದಿನ ಗೊತ್ತಾದ ಮೇಲೆ ಮನಸ್ಸು ಒಂದು ಕಡೆ ನಿಂತಿತು. ಇಟ್ಟಿಗೆಗಿಂತ ತುಸು ಕಪ್ಪಾದ ಕಂದು. ಕೆನೆ ಗೋಡೆಯ ಮೇಲೆ ಅದರ ತುಂಡನ್ನು ತಂತಿಯಿಂದ ಬಿಗಿದು, ಎದುರಿನ ಬೇವಿನ ಮರದ ಕೆಳಗೆ ನಿಂತು ನೋಡಿದೆ. ಹಿಂದಿನ ಕಲ್ಲುಗುಡ್ಡಕ್ಕೂ ಮುಂದಿನ ಮಣ್ಣಿಗೂ ಹೊಂದಿಕೊಂಡು ಕೂತಿತ್ತು. ಇದೇ ಅಂದುಕೊಂಡೆ. ಮರುದಿನ ಶೀಟಿಗೆ ಹೇಳಿಬರುವುದು ಅಂತ ತೀರ್ಮಾನ ಮಾಡಿದೆ.

ಮರುದಿನ ನಾನು ಹೊರಡುವ ಮೊದಲೇ ಹೊಸದುರ್ಗದ ಕಡೆಯಿಂದ ಒಂದು ಟೆಂಪೋ ಬಂದು ಬಾಗಿಲಲ್ಲಿ ನಿಂತಿತು. ಹಿಂದೆ ಶೀಟುಗಳ ರಾಶಿ, ಅದರ ಮೇಲೆ ಹಗ್ಗ ಹಿಡಿದು ಕೂತಿದ್ದವನು ನನ್ನ ಭಾವಮೈದ, ಹೆಂಡತಿಯ ತಮ್ಮ. ಅವನದು ಹೊಸದುರ್ಗದ ಹತ್ತಿರ ತೆಂಗಿನ ತೋಟ, ಕೊಬ್ಬರಿ ವ್ಯಾಪಾರ. ಮುಖ ಮದುವೆಮನೆಯ ಹಾಗೆ ಬೆಳಗುತ್ತಿತ್ತು. ಅವನ ಕೆಳಗಿದ್ದ ಶೀಟು ಗಿಳಿ ಹಸಿರು. ಅಂಥಿಂಥ ಹಸಿರಲ್ಲ, ಕಣ್ಣು ಮುಚ್ಚಿದರೂ ರೆಪ್ಪೆಯೊಳಗೆ ಉಳಿಯುವ ಹಸಿರು.

“ಇದೇನಪ್ಪ?” ಅಂದೆ.

“ಮುಯ್ಯಿ, ಭಾವ.”

ನಮ್ಮ ಕಡೆ ಶುಭಕಾರ್ಯಕ್ಕೆ ನೆಂಟರು ತರುವ ಉಡುಗೊರೆಗೆ ಮುಯ್ಯಿ ಅನ್ನುತ್ತೇವೆ. ಗೃಹಪ್ರವೇಶಕ್ಕೆ ಹೆಂಡತಿಯ ತವರಿನವರು ಸೀರೆ, ಪಂಚೆ, ಹಸಿರು ಬಳೆ, ಕುಪ್ಪಸದ ಕಣ ತಂದು ಮಡಿಲು ತುಂಬುವುದು ರೂಢಿ.

“ಮುಯ್ಯಿಗೆ ಯಾರಾದ್ರೂ ಶೀಟ್ ತರ್ತಾರೇನಲೇ?”

“ಸೀರೆ ತಂದ್ರೆ ಅಕ್ಕ ಟ್ರಂಕಿನಾಗೆ ಇಡ್ತಾಳೆ, ಯಾರು ನೋಡ್ತಾರೆ? ಇದಾದ್ರೆ ಮನೆ ನೆತ್ತಿ ಮೇಲಿರ್ತೈತೆ. ಬಸ್ಸಿನಾಗೆ ಹೋಗೋರೆಲ್ಲ ನೋಡ್ತಾರೆ.”

ಹಿಂದಿನ ಸಲ ಮನೆ ನೋಡಲು ಬಂದಾಗ ನನ್ನ ಕೆಲಸದವರನ್ನೇ ಮಾತಿಗೆಳೆದು ಅಳತೆ ತಿಳಿದುಕೊಂಡು ಹೋಗಿದ್ದನಂತೆ. ಒಂದು ಶೀಟೂ ಹೆಚ್ಚುಕಡಿಮೆ ಇರಲಿಲ್ಲ.

“ಈ ಬಣ್ಣ ಯಾರು ಹೇಳಿದ್ರು ನಿಂಗೆ?”

ಎಲ್ಲರಿಗೂ ಗೊತ್ತಿರುವುದನ್ನು ಇವನೇಕೆ ಕೇಳುತ್ತಾನೆ ಅನ್ನುವಂತೆ ನನ್ನ ಮುಖ ನೋಡಿದ. “ತವರಿಂದ ಹೆಣ್ಮಗಳಿಗೆ ಹೋಗೋದು ಹಸಿರೇ ಅಲ್ವಾ ಭಾವ? ಬಳೆ ಹಸಿರು, ಕಣ ಹಸಿರು. ಅಂಗಡ್ಯೋನು ಕೆಂಪು ತೋರಿಸ್ದ, ಕಾಫಿ ಕಲರ್ ತೋರಿಸ್ದ. ಅವ್ವ ಜೊತೆಗೆ ಬಂದಿದ್ಳು. ಮಗಳ ಮನೆಗೆ ಅದನ್ನೆಲ್ಲ ಒಯ್ಯಂಗಿಲ್ಲ, ಅಚ್ಚ ಹಸಿರೇ ತೆಗಿ ಅಂದ್ಲು.”

ಟೆಂಪೋದ ಡ್ರೈವರ್ ಹಗ್ಗ ಬಿಚ್ಚುತ್ತಾ, “ದಾರಿಲಿ ಎರಡು ಗಿಳಿ ಬಂದು ಕೂರಾಕೆ ನೋಡಿದ್ವು ಯಜಮಾನ್ರೆ, ಮರ ಅನ್ಕಂಡು” ಅಂದ. ಭಾವಮೈದ ಹೊಟ್ಟೆ ಹಿಡಿದು ನಕ್ಕ. ನನಗೆ ನಗು ಬರಲಿಲ್ಲ.

ಹೆಂಡತಿ ಒಳಗಿನಿಂದ ಬಂದಳು. ಶೀಟು ನೋಡಿದಳು, ತಮ್ಮನನ್ನು ನೋಡಿದಳು, ಆಮೇಲೆ ನನ್ನನ್ನು. ತಮ್ಮನಿಗೆ ಕೈಕಾಲು ತೊಳೆಯಲು ನೀರು ಕೊಟ್ಟಳು. ಶೀಟುಗಳನ್ನು ಅಂಗಳದಲ್ಲಿ ಇಳಿಸಿ ಅವನು ಊಟ ಮಾಡಿ ಹೊರಟುಹೋದ. “ಹೊದಿಸೋ ದಿನ ಫೋನ್ ಮಾಡ್ರಿ ಭಾವ, ನಾನೂ ಕೈ ಹಚ್ತೀನಿ” ಅಂತ ಹೇಳಿಹೋದ.

ಅವನು ಹೋದ ಮೇಲೆ ನಾನು ಕೂಗಾಡಿದೆ. ನನ್ನ ಮನೆ ಸೂರು ಇನ್ನೊಬ್ಬರು ಕೊಡುವುದು ಅಂದರೇನು? ಮದುವೆಯ ದಿನ ಮಾವನವರು ತಟ್ಟೆಯಲ್ಲಿ ವಾಚು, ಉಂಗುರ ಇಟ್ಟುಕೊಂಡು ಬಂದಾಗ ತಟ್ಟೆಯನ್ನೇ ಹಿಂದಕ್ಕೆ ಸರಿಸಿದವನು ನಾನು. ಹೆಣ್ಣು ಕೊಟ್ಟಿದ್ದೀರಿ, ಸಾಕು ಅಂದಿದ್ದೆ. ಅದನ್ನು ಇವತ್ತಿಗೂ ತಲೆಯೆತ್ತಿ ಹೇಳುತ್ತೇನೆ.

ಅವಳು ಅಕ್ಕಿ ಆರಿಸುತ್ತಾ ಕೂತಿದ್ದಳು. ತಲೆ ಎತ್ತಲಿಲ್ಲ. “ಅವರಿಂದ ಏನೂ ತಗಳ್ಳಿಲ್ಲ ಅಂತ ನೀವು ಹೇಳ್ಕಂತೀರಿ. ಏನೂ ಕೊಡಾಕೆ ಬಿಡ್ಲಿಲ್ಲ ಅಂತ ಅವರು ಹೇಳ್ಕಂತಾರೆ. ನಾನು ಎರಡೂ ಕಡೆ ಕೇಳಿಸ್ಕಂತಾ ಇಷ್ಟು ವರ್ಷ ಆತು.”

ಅಷ್ಟೇ. ಮತ್ತೆ ಅಕ್ಕಿ.

ಬೇಡ ಅಂದರೆ ಅವಳ ತವರಿನ ಬಾಗಿಲು ಅರ್ಧ ಮುಚ್ಚಿದ ಹಾಗೆ. ತವರಿನ ಹಸಿರು ವಾಪಸ್ ಕಳಿಸಿದರು ಅನ್ನುವ ಮಾತು ಒಮ್ಮೆ ಹೊರಟರೆ ಯಾವ ಹಬ್ಬಕ್ಕೆ ಹೋದರೂ ಅವಳು ಅದನ್ನು ಹೊತ್ತುಕೊಂಡೇ ಹೋಗಬೇಕು. ಬೇಕು ಅಂದರೆ ಆ ಗಿಳಿ ಹಸಿರು ನನ್ನ ನೆತ್ತಿಯ ಮೇಲೆ ಕೂರುತ್ತದೆ, ರಸ್ತೆಗೆ ಮುಖಮಾಡಿ, ನಾನು ಬದುಕಿರುವವರೆಗೆ. ನಡುವೆ ಎಲ್ಲೂ ದಾರಿ ಕಾಣಲಿಲ್ಲ.

ಕೂತಲ್ಲಿ ಕೂರಲಾಗಲಿಲ್ಲ. ಹಸಿರು ಶೀಟಿನ ಜೊತೆ ಬಂದಿದ್ದ ಒಂದು ತುಂಡನ್ನೂ ನನ್ನ ಕಂದು ತುಂಡನ್ನೂ ಬೈಕಿನ ಹಿಂದೆ ಕಟ್ಟಿಕೊಂಡು ಹೊರಟೆ. ಕೆಲಸದ ನೆಪ ಹೇಳಿದೆ. ನಿಜವಾಗಿ ಹೋದದ್ದು ಹಸಿರು ಸೂರು ಎಲ್ಲೆಲ್ಲಿ ಇದೆ ನೋಡಲು. ತಾಳ್ಯದಲ್ಲಿ ಒಂದು ಕಂಡಿತು, ಹಳೆಯದು, ಬಿಸಿಲಿಗೆ ಬಾಡಿ ಒಣಗಿದ ಮೆಂತ್ಯಸೊಪ್ಪಿನ ಬಣ್ಣಕ್ಕೆ ತಿರುಗಿತ್ತು, ಪರವಾಗಿಲ್ಲ ಅನ್ನಿಸಿತು. ಹಿರೇಗುಂಟನೂರಿನ ಬೋಳು ದಿಣ್ಣೆಯ ಮೇಲೆ ಇನ್ನೊಂದು ಹೊಸದು. ಸುತ್ತ ಒಂದು ಹುಲ್ಲುಕಡ್ಡಿ ಇಲ್ಲದ ಕಡೆ ಅದೊಂದೇ ಹಸಿರು, ಯಾರೋ ಮರೆತು ಬಿಟ್ಟುಹೋದ ಪ್ಲಾಸ್ಟಿಕ್ ಬುಟ್ಟಿಯ ಹಾಗೆ. ಬೈಕು ನಿಲ್ಲಿಸದೆ ಮುಂದೆ ಹೋದೆ.

ಹೊಸದುರ್ಗದ ದಾರಿಯಲ್ಲಿ ಮಾತ್ರ ಕಣ್ಣು ಬೇರೆ ಹೇಳಿತು. ತೆಂಗಿನ ತೋಟದೊಳಗೆ ಅಲ್ಲಲ್ಲಿ ಇದೇ ಗಿಳಿ ಹಸಿರು ಸೂರು. ಗರಿಗಳ ನಡುವೆ ಅದು ಕೂಗುತ್ತಲೇ ಇರಲಿಲ್ಲ. ಭಾವಮೈದನ ಕೊಬ್ಬರಿ ಗೋಡಾನಿಗೂ ಅದೇ. ಅವನ ಕಣ್ಣಿಗೆ ಹಸಿರು ಸೂರು ಅಂದರೆ ಹೀಗೆ, ನೆರಳಲ್ಲಿ ತಣ್ಣಗೆ ಕೂತದ್ದು. ಅದೇ ಶೀಟನ್ನು ನಮ್ಮ ಬಯಲಿಗೆ, ಲಾರಿ ಧೂಳಿಗೆ, ನಡುಹಗಲಿಗೆ ತಂದು ನಿಲ್ಲಿಸಿದರೆ ಏನಾಗುತ್ತದೆ ಅಂತ ಅವನಿಗೆ ಹೇಗೆ ತಿಳಿಯಬೇಕು? ಅವನನ್ನು ಬೈಯುವುದಕ್ಕೂ ಆಗದೆ ಸಿಟ್ಟು ಇನ್ನೂ ಹೆಚ್ಚಾಯಿತು. ಅವನ ಮನೆಯ ತಿರುವಿನಲ್ಲಿ ಇಳಿಯದೆ ಬೈಕನ್ನು ಹಿರಿಯೂರಿನ ಕಡೆ ತಿರುಗಿಸಿದೆ.

ಹಿರಿಯೂರಿನ ಆಚೆ ಒಂದು ಹಳ್ಳಿಯಲ್ಲಿ ಬಹಳ ವರ್ಷದ ಹಿಂದೆ ನಾನೇ ಹಾಕಿದ ನೀಲಿ ಸೂರಿನ ಮನೆಯಿದೆ. ಮನೆಯ ಅಜ್ಜಿ ಕುರಿಮರಿಗಳಿಗೆ ಸೊಪ್ಪು ಹಾಕುತ್ತಿದ್ದಳು. ನೀಲಿ ಅನ್ನುವುದು ಈಗ ಹೆಸರಿಗೆ ಮಾತ್ರ.

“ಅಜ್ಜಿ, ಶೀಟು ಮಾಸಿಬಿಟ್ಟೈತಲ್ಲ, ಬೇಜಾರಿಲ್ವಾ?”

“ನಾನೂ ಮಾಸೀನಿ. ನನ್ನ ಕೇಳಿದ್ಯಾ ಬೇಜಾರೈತಾ ಅಂತ?” ಅಂದಳು. ಆಮೇಲೆ ಸೊಪ್ಪಿನ ಕೈ ಸೆರಗಿಗೆ ಒರೆಸಿಕೊಂಡು, “ನೀನು ಹಾಕಿದ್ಮೇಲೆ ನಮ್ಮನೆಗೊಂದು ಗುರುತಾತು ಬಿಡಪ್ಪ. ಬಸ್ಸಿಳಿದು ಯಾರನ್ನ ಕೇಳಿದ್ರೂ ನೀಲಿ ಶೀಟಿನಜ್ಜಿ ಮನೆ ಅಂತ ಕೈ ತೋರಿಸ್ತಾರೆ” ಅಂದಳು.

ಅವಳು ನನ್ನನ್ನು ಸಂತೋಷಪಡಿಸಲು ಹೇಳಿದಳು. ನನ್ನ ಕಿವಿಗೆ ಬಿದ್ದದ್ದು ಬೇರೆ. ನಾಳೆ ನನ್ನ ಮನೆಗೂ ಒಂದು ಗುರುತು ಆಗುತ್ತದೆ. ಗಿಳಿ ಹಸಿರಿನವನ ಮನೆ. ಊರ ಮನೆಗಳಿಗೆಲ್ಲ ಬಣ್ಣ ಹೇಳುತ್ತಾನಲ್ಲ, ಅವನದೇ. ಅಜ್ಜಿ ಕೊಟ್ಟ ಮಜ್ಜಿಗೆಯನ್ನು ನಿಂತೇ ಕುಡಿದು ಹೊರಟೆ.

ಮನೆಗೆ ಬಂದಾಗ ದಾರಿ ಸಿಕ್ಕಿತು ಅಂದುಕೊಂಡಿದ್ದೆ. ಹಿತ್ತಲಲ್ಲಿ ಬಚ್ಚಲುಮನೆ, ಸೌದೆ, ದನದ ಕೊಟ್ಟಿಗೆ ಇವೆಯಲ್ಲ, ಅವಕ್ಕೆಲ್ಲ ಸೇರಿಸಿ ಉದ್ದಕ್ಕೆ ಹಸಿರು ಹೊದಿಸುವುದು. ಮುಂದಕ್ಕೆ ನನ್ನ ಕಂದು. ಮುಯ್ಯಿ ಮುಟ್ಟಿಸಿಕೊಂಡ ಹಾಗೂ ಆಯಿತು, ಮನೆಯ ಮುಖ ಉಳಿದ ಹಾಗೂ ಆಯಿತು. ಹೆಂಡತಿಗೆ ಹೇಳಿದೆ. ತುಂಬ ಜಾಣತನದ ಮಾತು ಅಂತ ನನಗೇ ಅನ್ನಿಸಿತ್ತು.

“ಬಳೆನ ಕಾಲಿಗೆ ಹಾಕ್ಕಂತಾರೇನ್ರಿ?” ಅಂದಳು.

ಗೃಹಪ್ರವೇಶ ಹತ್ತಿರ ಬಂದಿತ್ತು, ಮೋಡ ಬೇರೆ ಕಟ್ಟುತ್ತಿತ್ತು. ಭಾವಮೈದ ಎರಡು ಸಲ ಫೋನ್ ಮಾಡಿದ, ನಾನು ಎತ್ತಲಿಲ್ಲ. ಮೂರನೆಯದಕ್ಕೆ ಅವಳು ಎತ್ತಿ, “ನಾಡಿದ್ದು ಬಾ” ಅಂದುಬಿಟ್ಟಳು.

ಬಂದ. ಲುಂಗಿ ಎತ್ತಿ ಕಟ್ಟಿ ಏಣಿ ಹತ್ತಿದ. ಇಬ್ಬರೂ ಸೇರಿ ಮೊದಲನೆಯ ಶೀಟನ್ನು ಮೇಲಕ್ಕೆ ಎಳೆದುಕೊಂಡೆವು, ಮುಂದಿನ ಅಂಚಿಗೆ ಸರಿಯಾಗಿ ಚೌಕಟ್ಟಿನ ಮೇಲೆ ಕೂರಿಸಿದೆವು. ನಾನು ಸ್ಕ್ರೂ ಹಾಕಲಿಲ್ಲ. ಡ್ರಿಲ್ ಮಷಿನ್ ಕೈಯಲ್ಲೇ ಇತ್ತು, ಬೆರಳು ಒತ್ತಲು ಒಪ್ಪಲಿಲ್ಲ.

“ತಡೀರಿ ಭಾವ, ಆ ಕಡೆಯಿಂದ ನೋಡ್ಕಂಡು ಬರ್ತೀನಿ” ಅಂತ ಅವನು ಇಳಿದು ರಸ್ತೆ ದಾಟಿದ. ಬೇವಿನ ಮರದ ಕೆಳಗೆ ಸೊಂಟಕ್ಕೆ ಕೈಕೊಟ್ಟು ನಿಂತ. ಆ ಮಗ್ಗುಲಿಗೆ ಹೋದ, ಈ ಮಗ್ಗುಲಿಗೆ ಬಂದ. ಒಂದು ಲಾರಿ ಅಡ್ಡ ಹಾದುಹೋಯಿತು. ವಾಪಸ್ ಬಂದಾಗ ಮುಖದಲ್ಲಿ ಮೊದಲಿನ ಬೆಳಕು ಇರಲಿಲ್ಲ. ಏಣಿಯ ಬುಡದಲ್ಲೇ ನಿಂತು, “ಭಾವ, ಅಂಗಡಿಲಿ ಇಷ್ಟೊಂದು ಹಸಿರಿರ್ಲಿಲ್ಲ” ಅಂದ.

“ಅಂಗಡಿಲಿ ಯಾವುದೂ ಇಷ್ಟು ಕಾಣಲ್ಲಪ್ಪ.”

“ತೋಟದಾಗೆ ಹಿಂಗೆ ಕಾಣಲ್ಲ ಇದು.” ಏಣಿಯ ಮೆಟ್ಟಿಲ ಮೇಲೆ ಕೈಯಿಟ್ಟ. “ನಿಮಗಿದು ಹಿಡಿಸಿಲ್ಲ, ಅದಕ್ಕೇ ಫೋನ್ ಎತ್ತಿಲ್ಲ. ಹೇಳ್ಬಾರ್ದಿತ್ತೇನ್ರಿ? ಒಯ್ತೀನಿ ಬಿಡ್ರಿ. ನಮ್ಮಲ್ಲಿ ಇನ್ನೊಂದು ಗೋಡಾನಿಗೆ ಬೇಕೇ ಐತೆ. ಅಕ್ಕಂಗೆ ಸೀರೆ ತರ್ತೀನಿ, ಅವ್ವಂಗೆ ನಾನು ಹೇಳ್ಕಂತೀನಿ.”

ನಾನು ಇಷ್ಟು ದಿನ ನಾಲ್ಕು ತಾಲ್ಲೂಕು ಅಲೆದು ಹುಡುಕಿದ ದಾರಿಯನ್ನು ಅವನೇ ತಂದು ಕೈಗೆ ಕೊಟ್ಟ. ಬಿಡುಗಡೆ ಅನ್ನಿಸಬೇಕಿತ್ತು. ಹೆಂಡತಿ ಹಳೆಯ ಮನೆಯ ಹೊಸ್ತಿಲಲ್ಲಿ ನಿಂತಿದ್ದಳು, ಎಲ್ಲ ಕೇಳಿಸಿಕೊಂಡಿದ್ದಳು. ನನ್ನ ಕಡೆ ನೋಡಲಿಲ್ಲ, ಮೇಲಿದ್ದ ಶೀಟಿನ ಕಡೆಗೂ ನೋಡಲಿಲ್ಲ. ಅವನು ಮತ್ತೆ ಏಣಿ ಹತ್ತಿ ಬಂದು ತನ್ನ ಕಡೆಯ ಅಂಚು ಹಿಡಿದ. ಇಳಿಸುವ ಮೊದಲು, ಎಳೆಯುವಾಗ ಬಿದ್ದಿದ್ದ ಒಂದು ಗೀರಿನ ಮೇಲೆ ಹೆಗಲ ಟವಲಿನ ತುದಿಯಿಂದ ಮೆತ್ತಗೆ ಉಜ್ಜಿದ. ಗೀರು ಹೋಗಲಿಲ್ಲ. ಇನ್ನೊಮ್ಮೆ ಉಜ್ಜಿದ. ವಾಪಸ್ ಒಯ್ಯುವ ಶೀಟಿಗೆ ಅಷ್ಟು ಮುಚ್ಚಟೆ ಯಾರು ಮಾಡುತ್ತಾರೆ? ಅದು ಅಕ್ಕನಿಗೆ ತಂದದ್ದು. ಗೀರು ಬಿದ್ದದ್ದು ಅವನಿಗೆ ತಡೆಯಲಾಗಿರಲಿಲ್ಲ.

“ಕೈ ತೆಗಿ” ಅಂದೆ.

ಅವನು ಕೈ ತೆಗೆದ. ನಾನು ಸ್ಕ್ರೂ ಇಟ್ಟು ಮಷಿನ್ ಒತ್ತಿದೆ. ತಗಡು ಕಿರುಗುಟ್ಟಿ ಪೈಪಿಗೆ ಕಚ್ಚಿಕೊಂಡಿತು. ಅದರ ಪಕ್ಕಕ್ಕೆ ಇನ್ನೊಂದು ಹಾಕಿದೆ.

“ಏನ್ ಮಾಡ್ತೀರಿ ಭಾವ?”

“ತೂತು ಬಿದ್ದ ಶೀಟು ನಿನ್ನ ಗೋಡಾನಿಗೂ ಆಗಲ್ಲ, ಸೋರ್ತೈತೆ. ಇಳಿದು ಮುಂದಿಂದು ಕೊಡು. ಮಳೆ ಬರೋದ್ರೊಳಗೆ ಮುಗಿಸಾಣ.”

ಅವನು ಇಳಿದ. ಹೊಸ್ತಿಲು ಖಾಲಿಯಾಗಿತ್ತು. ಒಳಗೆ ಒಗ್ಗರಣೆಯ ಸದ್ದು ಕೇಳಿತು, ಸ್ವಲ್ಪ ಜೋರಾಗಿಯೇ.

ಶೀಟು ಪೂರ್ತಿ ಕೂತ ಮೇಲೆ ನಾನು ಹೆದರಿದ್ದೇ ಆಯಿತು. ಆ ಹಸಿರಿನ ಕೆಳಗೆ ನಮ್ಮ ಕೆನೆ ಗೋಡೆ ಕಾಮಾಲೆ ಬಂದವನ ಕಣ್ಣಿನ ಹಾಗೆ ಕಾಣತೊಡಗಿತು. ಅಂಗಳದಲ್ಲಿ ಶತಪಥ ಹಾಕುತ್ತಿದ್ದೆ. ಅವಳು ಬಂದು ಪಕ್ಕದಲ್ಲಿ ನಿಂತಳು.

“ಗಿಳಿ ಹಸಿರು ಸೀರೆಗೆ ಯಾವ ಕುಪ್ಪಸ ಹಾಕ್ತಾರೆ ಅಂತ ನನ್ನ ಒಂದ್ಸಲನಾದ್ರೂ ಕೇಳಿದ್ರಾ?”

“ಈಗ ಕೇಳ್ತೀನಿ. ಹೇಳು.”

“ಬೂದಿ ಬಣ್ಣದ್ದು. ಸೀರೆ ಕೂಗ್ತಿದ್ರೆ ಕುಪ್ಪಸ ಸುಮ್ನಿರ್ಬೇಕು. ಅಂಚು ಮಾತ್ರ ಗಟ್ಟಿ ಬಣ್ಣದ್ದಿರ್ಲಿ.”

ಇಷ್ಟು ವರ್ಷ ಸೂರು ಹೊದಿಸಿದ್ದೇನೆ, ಹೀಗೆ ಯೋಚಿಸಿರಲಿಲ್ಲ. ಸೂರಿಗೆ ಗೋಡೆ ನೋಡಿ ಬಣ್ಣ ಆರಿಸುವುದೇ ನನ್ನ ವಿದ್ಯೆ. ಸೂರು ಮೊದಲೇ ಬಂದು ಕೂತಿದ್ದರೆ ಗೋಡೆ ಏನು ಮಾಡಬೇಕು ಅಂತ ನನ್ನನ್ನು ಯಾರೂ ಕೇಳಿರಲಿಲ್ಲ. ಗೋಡೆಯ ಬಣ್ಣ ಅಗ್ಗದ ಮಾತು, ಹಬ್ಬಕ್ಕೊಮ್ಮೆ ಬದಲಾಯಿಸಬಹುದು, ಸೂರು ಹಾಗಲ್ಲ. ಕೆನೆಯ ಮೇಲೆ ಬೂದಿ ಬಳಿಸಿದೆವು. ನಾನು ಮೆಚ್ಚಿದ್ದ ಕಂದು ತಗಡನ್ನು ಪಟ್ಟಿ ಕತ್ತರಿಸಿ ಸೂರಿನ ಸುತ್ತಂಚಿಗೆ ಮಡಿಸಿ ಕೂರಿಸಿದೆ. ಬಾಗಿಲು, ಕಿಟಕಿಗೂ ಅದೇ ಕಂದು. ಹಸಿರು ಹಸಿರಾಗಿಯೇ ಉಳಿಯಿತು. ಆದರೆ ಸುತ್ತ ಒಂದು ಗೆರೆ ಬಿದ್ದ ಮೇಲೆ ಅದಕ್ಕೆ ಎಲ್ಲಿ ನಿಲ್ಲಬೇಕು ಅಂತ ತಿಳಿದಂತಾಯಿತು. ಈಗ ಯಾರಾದರೂ ಬದಲಾಯಿಸಲಾಗದ ಸೂರು ಇಟ್ಟುಕೊಂಡು ಬಂದರೆ ನಾನು ಹೇಳುವುದು ಇದನ್ನೇ. ಮನೆಯ ಮುಖದಲ್ಲಿ ಒಂದು ಬಣ್ಣ ಕೂಗಿದರೆ ಸಾಕು, ಉಳಿದವು ಬಾಯಿ ಮುಚ್ಚಿಕೊಂಡಿರಲಿ.

ಗೃಹಪ್ರವೇಶದ ದಿನ ಊಟಕ್ಕೆ ಬಂದವರಲ್ಲಿ ಒಬ್ಬರು, ನನ್ನ ಹಳೆಯ ಗಿರಾಕಿ, ಕೈ ತೊಳೆಯುತ್ತಾ ಮೇಲೆ ನೋಡಿ, “ಇದೇನ್ರಿ, ನಮಗೆಲ್ಲ ಹಸಿರು ಬ್ಯಾಡ ಅಂತಿದ್ರಿ?” ಅಂದರು. ಸುತ್ತ ನಿಂತಿದ್ದವರು ನನ್ನ ಬಾಯಿ ನೋಡಿದರು.

“ನಮ್ಮನೆಯವಳ ತವರಿನ ಮುಯ್ಯಿ. ಅವರೇ ಆರಿಸಿ ತಂದಿದ್ದು” ಅಂದೆ. ಚಪ್ಪರದ ಆ ತುದಿಗೂ ಕೇಳುವಷ್ಟು ಗಟ್ಟಿಯಾಗಿ ಅಂದೆ. ಅಲ್ಲಿ ಕೂತಿದ್ದ ಅತ್ತೆ ಸೆರಗು ಸರಿಮಾಡಿಕೊಂಡರು.

ಜನ ಕರಗಿದ ಮೇಲೆ ನಾವು ಮೂವರೂ ರಸ್ತೆಯ ಆಚೆ ಹೋಗಿ ನಿಂತೆವು. ಹೊತ್ತು ಇಳಿಯುತ್ತಿತ್ತು. ಭಾವಮೈದ ಅಕ್ಕನ ಕಡೆ ತಿರುಗಿ, “ಈಗ ಹೆಂಗೈತೆ, ನಿಜ ಹೇಳಕ್ಕ” ಅಂದ.

ಅವಳು ಕಣ್ಣಿಗೆ ಕೈ ಅಡ್ಡ ಹಿಡಿದು ನೋಡಿದಳು. “ಚೆನ್ನಾಗೈತೆ. ಮುಂದಿನ ಮುಯ್ಯಿಗೆ ಸೀರೆನೇ ತಾ.”

ಅವನು ಮರಕ್ಕೆ ಒರಗಿ ನಗತೊಡಗಿದ. ಅವಳೂ ಬಾಯಿಗೆ ಸೆರಗು ಹಿಡಿದಳು. ನನಗೂ ನಗು ಬರುತ್ತಿತ್ತು. ಅಷ್ಟರಲ್ಲಿ ಎಡಗಡೆಯ ಮೂಲೆಯಲ್ಲಿ ಕಂದು ಪಟ್ಟಿ ಒಂದು ಕೂದಲೆಳೆಯಷ್ಟು ಅಲೆಯಾಗಿ ಎದ್ದಿರುವುದು ಕಣ್ಣಿಗೆ ಬಿತ್ತು. ಇಷ್ಟು ಜನ ಬಂದುಹೋದರು, ಒಬ್ಬರಿಗೂ ಕಂಡಿರಲಿಲ್ಲ. ನನಗೆ ಕಂಡ ಮೇಲೆ ಮುಗಿಯಿತು. ರಸ್ತೆ ದಾಟಿ ಏಣಿ ಹುಡುಕಿದೆ.

“ರೀ, ಹೊಸ ಪಂಚೆ! ನಾಳೆ ಮಾಡಿದ್ರಾಗಲ್ವೇನ್ರಿ?” ಅಂತ ಅವಳು ಅತ್ತಲಿಂದ ಕೂಗಿದಳು.

ನಾನು ಪಂಚೆ ಎತ್ತಿ ಕಟ್ಟಿಕೊಂಡು ಹತ್ತುತ್ತಿದ್ದೆ. ಕೆಳಗೆ ಬಂದು ಏಣಿ ಹಿಡಿದವನು ಭಾವಮೈದ.